ಪುನರುಕ್ತಿ ದೋಷ

ನನ್ನ ಗಂಡನಿಗೆ ಒಂದೇ ಮಾತನ್ನು ಎರಡು ಸಲ ಕೇಳಿದರೆ ಮೈ ಉರಿಯುತ್ತದೆ. ಕಾಲೇಜಿನಲ್ಲಿ ಕನ್ನಡ ಪಾಠ ಮಾಡಿ ನಿವೃತ್ತರಾದವರು, ಹೆಸರು ಸಿದ್ದಲಿಂಗಸ್ವಾಮಿ. ಅವರ ಕೈಗೆ ಬಂದ ಉತ್ತರಪತ್ರಿಕೆಯಲ್ಲಿ ಒಂದೇ ಪದ ಅಕ್ಕಪಕ್ಕದ ಸಾಲುಗಳಲ್ಲಿ ಕಾಣಿಸಿತೋ, ಮುಗಿಯಿತು, ಕೆಂಪು ಮಸಿಯಲ್ಲಿ ‘ಪುನರುಕ್ತಿ ದೋಷ’ ಎಂದು ಬರೆದು ಅಡಿಗೆರೆ ಎಳೆಯುತ್ತಿದ್ದರು. ಮದುವೆಯಾದ ಹೊಸದರಲ್ಲಿ ನಾನು ತವರಿಗೆ ಬರೆದ ಕಾಗದವನ್ನೂ ಓದಿ, ‘ಕ್ಷೇಮ’ ಎನ್ನುವುದು ಎರಡು ಸಲ ಬಂದಿದೆ ಎಂದು ತೋರಿಸಿದ ಮಹಾನುಭಾವರು. ಅವತ್ತಿನಿಂದ ಕಾಗದಗಳನ್ನು ನಾನೇ ಹೋಗಿ ಅಂಚೆಡಬ್ಬಿಗೆ ಹಾಕಿ ಬರುತ್ತಿದ್ದೆ. ಇದೇ ಮನುಷ್ಯ ಬೆಳಗ್ಗೆ ಎದ್ದಾಗಿನಿಂದ ‘ಸರ್ವಮಂಗಳಾ, ಕಾಫಿ’ ಎಂದು ಎಷ್ಟು ಸಲ ಕೂಗುತ್ತಾರೆ ಎನ್ನುವುದನ್ನು ಮಾತ್ರ ಯಾರೂ ತಿದ್ದಿದ್ದಿಲ್ಲ.

ನಾನು ಸರ್ಕಾರಿ ಹೈಸ್ಕೂಲಿನಲ್ಲಿ ಡ್ರಾಯಿಂಗ್ ಟೀಚರ್ ಆಗಿದ್ದವಳು. ಸರಸ್ವತಿಪುರಂನ ನಮ್ಮ ಮನೆಯ ಕೆಳಭಾಗವನ್ನು ಒಂದು ಟ್ಯುಟೋರಿಯಲ್‌ಗೆ ಬಾಡಿಗೆಗೆ ಕೊಟ್ಟು, ನಾವಿಬ್ಬರೂ ಮಹಡಿಯ ಮೇಲಿದ್ದೇವೆ. ಮಗಳು ಸುಷ್ಮಾ ಬ್ಯಾಂಕಿನಲ್ಲಿ ಆಫೀಸರ್. ಅಳಿಯ ಮಹದೇವಪ್ರಸಾದ್ ಕಾರ್ಖಾನೆಯಲ್ಲಿ ಸೂಪರ್‌ವೈಸರ್. ಅವರು ನಜರ್‌ಬಾದಿನಲ್ಲಿದ್ದಾರೆ. ಬೆಳಗ್ಗೆ ಮೊಮ್ಮಗಳು ನಿಶ್ಚಿತಾಳನ್ನು ನಮ್ಮಲ್ಲಿ ಬಿಟ್ಟು ಹೋಗುತ್ತಾರೆ, ಸಂಜೆ ಬ್ಯಾಂಕು ಮುಗಿಸಿ ಸುಷ್ಮಾ ಬಂದು ಕರೆದುಕೊಂಡು ಹೋಗುತ್ತಾಳೆ. ನಿಶ್ಚಿತಾ ಎಂದು ಕೂಗುವವರು ಯಾರೂ ಇಲ್ಲ, ನಮಗೆಲ್ಲ ಅವಳು ನಿಚ್ಚು.

ನಿಚ್ಚುಗೆ ಮೂರು ತುಂಬುತ್ತಾ ಬಂದಿದ್ದರೂ ಮಾತು ಬಂದಿರಲಿಲ್ಲ. ನೀರು ಬೇಕಾದರೆ ಲೋಟ ತಂದು ಕೈಗಿಡುತ್ತಿದ್ದಳು. ಬಾಳೆಹಣ್ಣು ಬೇಕಾದರೆ ನನ್ನ ಸೆರಗು ಹಿಡಿದು ಬುಟ್ಟಿಯ ಹತ್ತಿರ ಎಳೆದುಕೊಂಡು ಹೋಗುತ್ತಿದ್ದಳು. ಹೇಳಿದ್ದೆಲ್ಲ ಅರ್ಥವಾಗುತ್ತಿತ್ತು, ನಗುತ್ತಿದ್ದಳು, ಹಟ ಮಾಡುತ್ತಿದ್ದಳು. ಅಮ್ಮ ಎಂದು ಮಾತ್ರ ಒಂದು ಸಲವೂ ಕರೆದಿರಲಿಲ್ಲ. ಕಿವಿ ಪರೀಕ್ಷೆಯಾಯಿತು, ಡಾಕ್ಟರು ನೋಡಿದರು. ಕಿವಿ ಚೆನ್ನಾಗಿದೆ, ಮಗು ಚುರುಕಾಗಿದೆ, ಚಿತ್ರದ ಪುಸ್ತಕ ತೋರಿಸುತ್ತಾ ಮಾತಾಡಿಸಿ, ಆರು ತಿಂಗಳು ಬಿಟ್ಟು ಮತ್ತೆ ಕರೆತನ್ನಿ ಎಂದರು.

ಡಾಕ್ಟರು ಸುಮ್ಮನಿದ್ದರೂ ನೆಂಟರು ಸುಮ್ಮನಿರುತ್ತಾರೆಯೇ? ಒಬ್ಬರು ಬಜೆ ತೇಯ್ದು ನಾಲಿಗೆಗೆ ಹಚ್ಚಿ ಎಂದರು. ಇನ್ನೊಬ್ಬರು ನಂಜನಗೂಡಿಗೆ ಬೆಳ್ಳಿಯ ನಾಲಿಗೆ ಹರಸಿಕೊಳ್ಳಿ ಎಂದರು. ಒಂದು ಗೃಹಪ್ರವೇಶದಲ್ಲಿ ಅಳಿಯನ ಸೋದರತ್ತೆ, ಊಟದ ಎಲೆಯ ಮುಂದೆಯೇ, “ತಾಯಿ ಮನೇಲಿದ್ರೆ ತಾನೇ ಮಗು ಮಾತಾಡೋದು” ಎಂದುಬಿಟ್ಟರು. ನನಗೆ ಬಂದ ಸಿಟ್ಟಿಗೆ ಹೋಳಿಗೆಯನ್ನು ಹಾಗೇ ಬಿಟ್ಟು ಎದ್ದೆ. ಸುಷ್ಮಾ ಏಳಲಿಲ್ಲ, ತಲೆ ತಗ್ಗಿಸಿ ಊಟ ಮುಗಿಸಿದಳು. ಮನೆಗೆ ಬಂದ ಮೇಲೆ ಹೇಳಿದಳು, “ಯುಗಾದಿ ಕಳೀಲಿ ಅಮ್ಮಾ. ಅಷ್ಟರಲ್ಲಿ ಇವಳು ನನ್ನನ್ನ ಅಮ್ಮ ಅನ್ನದಿದ್ರೆ ನಾನು ಕೆಲಸ ಬಿಟ್ಬಿಡ್ತೀನಿ.”

ಎರಡು ಸಲ ಪರೀಕ್ಷೆ ಕಟ್ಟಿ, ರಾತ್ರಿ ಹಗಲು ಓದಿ ಪಡೆದ ಕೆಲಸ ಅದು. ನನ್ನ ಮಗಳು ಮ್ಯಾನೇಜರ್ ಆಗುವುದನ್ನು ನೋಡಬೇಕು ಎಂದು ನಾನು ಆಸೆಪಟ್ಟವಳು. ಆದರೆ ಕೆಲಸಕ್ಕಿಂತ ಅವಳ ಮುಖ ನೋಡಿ ಸಂಕಟವಾಯಿತು. ದಿನಾ ಸಂಜೆ ಮೆಟ್ಟಿಲು ಹತ್ತಿ ಬಂದು, ಮಗುವಿನ ಮುಂದೆ ಕೂತು, “ಅಮ್ಮ ಅನ್ನು ಪುಟ್ಟಿ, ಅಮ್ಮ” ಎಂದು ಅವಳು ಕೇಳುತ್ತಿದ್ದುದು, ನಿಚ್ಚು ಅವಳ ಬಳೆ ತಿರುಗಿಸುತ್ತಾ ಸುಮ್ಮನೆ ಕೂತಿರುತ್ತಿದ್ದುದು, ಇದನ್ನು ನೋಡಿಕೊಂಡು ನಾನು ಒಗ್ಗರಣೆ ಹಾಕುತ್ತಾ ನಿಂತಿರುವುದು ಹೇಗೆ?

ನಾನು ಪುಸ್ತಕ ಮಾಡಲು ಕೂತೆ. ಅಂಗಡಿಯಲ್ಲಿ ಬೇಕಾದಷ್ಟು ಸಿಗುತ್ತವೆ, ಇಲ್ಲವೆನ್ನುವುದಿಲ್ಲ. ಆದರೆ ಒಂದೊಂದು ಪುಟದಲ್ಲಿ ಐವತ್ತು ಪ್ರಾಣಿ, ಮೇಲೊಂದು ನೀತಿ. ನನಗೆ ಬೇಕಿದ್ದದ್ದು ಪುಟಕ್ಕೊಂದೇ ಪ್ರಾಣಿ, ಎಲ್ಲಾ ಪುಟಕ್ಕೂ ಒಂದೇ ಮಾತು. ಎಲ್‌ಕೆಜಿ ಮಕ್ಕಳಿಗೂ ಬೇಸಿಗೆ ಶಿಬಿರಗಳಲ್ಲಿ ಡ್ರಾಯಿಂಗ್ ಹೇಳಿಕೊಟ್ಟವಳು ನಾನು, ಅವರ ಕಣ್ಣು ಎಲ್ಲಿ ನಿಲ್ಲುತ್ತದೆ ಎಂದು ನನಗೆ ಗೊತ್ತು. ದಪ್ಪ ಡ್ರಾಯಿಂಗ್ ಶೀಟು ಕತ್ತರಿಸಿ, ಪೋಸ್ಟರ್ ಬಣ್ಣದಲ್ಲಿ ಬರೆದೆ. ನಮ್ಮ ಕಿಟಕಿಯಿಂದ ಕಾಣುವ ಚಾಮುಂಡಿ ಬೆಟ್ಟವನ್ನೇ ಪ್ರತಿ ಪುಟದಲ್ಲೂ ಇಟ್ಟೆ, ಅದರ ಮೆಟ್ಟಿಲುಗಳನ್ನಿಟ್ಟೆ. ಮೊದಲ ಪುಟದಲ್ಲಿ ಆಮೆ.

“ಆಮೆ ಬೆಟ್ಟಕ್ಕೆ ಹೊರಟಿತು. ಮೆಟ್ಟಿಲು ಹತ್ತಿತು, ಮೆಟ್ಟಿಲು ಹತ್ತಿತು, ಉಸ್ಸಪ್ಪಾ ಅಂತ ಕೂತಿತು.”

ಆಮೇಲೆ ಮೊಲ. “ಮೊಲ ಬೆಟ್ಟಕ್ಕೆ ಹೊರಟಿತು. ಮೆಟ್ಟಿಲು ಹತ್ತಿತು, ಮೆಟ್ಟಿಲು ಹತ್ತಿತು, ಉಸ್ಸಪ್ಪಾ ಅಂತ ಕೂತಿತು.” ಆಮೇಲೆ ಕತ್ತೆ, ಮಂಗ, ಹಂದಿ, ಆನೆ. ಎಲ್ಲರೂ ಹೊರಡುವುದು, ಹತ್ತುವುದು, ಉಸ್ಸಪ್ಪಾ ಎನ್ನುವುದು. ಕೊನೆಯ ಪುಟದಲ್ಲಿ ಮಾತ್ರ ದೊಡ್ಡ ನಂದಿ. “ನಂದಿ ಎಲ್ಲಿಗೂ ಹೊರಡಲಿಲ್ಲ. ನಂದಿ ಕೂತೇ ಇತ್ತು.”

ಮೊದಲ ದಿನ ನಿಚ್ಚು ಕೇಳಿದಳು, ಎದ್ದು ಹೋದಳು. ಮಾರನೆಯ ದಿನ ಪುಸ್ತಕವನ್ನು ತಾನೇ ಎಳೆದುಕೊಂಡು ಬಂದಳು. ಒಂದು ವಾರದಲ್ಲಿ, ಓದಿ ಮುಗಿಸಿದ ಕೂಡಲೇ ಮತ್ತೆ ಮೊದಲ ಪುಟ ತೆಗೆದು ನನ್ನ ಮಂಡಿಯ ಮೇಲೆ ಇಡತೊಡಗಿದಳು. ನಾನು ಓದುತ್ತಿದ್ದೆ. ಇಡ್ಲಿಯ ಹಿಟ್ಟು ರುಬ್ಬುವ ಕೆಲಸವಿದ್ದರೂ ಓದುತ್ತಿದ್ದೆ. ನನಗೆ ಬೇಜಾರಾಗಲಿಲ್ಲ, ಏಕೆಂದರೆ ನಾನು ಪುಸ್ತಕ ನೋಡುತ್ತಿರಲಿಲ್ಲ, ಅವಳನ್ನು ನೋಡುತ್ತಿದ್ದೆ. ‘ಮೆಟ್ಟಿಲು ಹತ್ತಿತು’ ಎರಡನೆಯ ಸಲ ಬರುವಾಗ ಅವಳು ಉಸಿರು ಹಿಡಿಯುತ್ತಿದ್ದಳು. ‘ಉಸ್ಸಪ್ಪಾ’ ಎಂದಾಗ ಭುಜ ಇಳಿಬಿಟ್ಟು ‘ಉಸ್ಸ್’ ಎಂದು ಗಾಳಿ ಬಿಡುತ್ತಿದ್ದಳು. ಬರಿಯ ಗಾಳಿ, ಮಾತಲ್ಲ. ಆದರೆ ಸರಿಯಾದ ಜಾಗದಲ್ಲಿ ಬರುತ್ತಿತ್ತು, ಪ್ರತಿ ಸಲವೂ. ಇವಳು ಮಾತಾಡುತ್ತಾಳೆ ಎಂದು ನನಗೆ ಅವತ್ತೇ ಖಾತ್ರಿಯಾಯಿತು.

“ಇದೇನು ಜಪವೇ?” ಎಂದರು ನನ್ನ ಗಂಡ, ಪೇಪರಿನ ಹಿಂದಿನಿಂದ. “ಒಂದು ಕ್ರಿಯಾಪದ ಇಟ್ಟುಕೊಂಡು ಆರು ಪ್ರಾಣಿಗಳನ್ನು ಸಾಗಿಸಿದ್ದೀಯಲ್ಲ. ಕನ್ನಡಕ್ಕೆ ಅಷ್ಟು ಬಡತನ ಬಂದಿದೆಯೇ?”

“ನಿಮ್ಮ ಕನ್ನಡ ಶ್ರೀಮಂತವಾಗೇ ಇರ್ಲಿ ಬುಡಿ. ಮಗು ಕೇಳ್ತಿದೆ, ಸುಮ್ನಿರಿ,” ಎಂದೆ.

ಅವರನ್ನು ಪೂರಾ ಬೈಯಲಾರೆ. ಮಾತನ್ನೇ ನಂಬಿ ಬದುಕಿದವರು ಅವರು. ಅಂಥವರ ಮೊಮ್ಮಗಳಿಗೆ ಮಾತಿಲ್ಲ ಎನ್ನುವುದು ಅವರಿಗೆ ನನಗಿಂತ ಹೆಚ್ಚು ನೋವು ಕೊಟ್ಟಿತ್ತು. ಸಂಜೆ ವಾಕಿಂಗ್ ಹೋಗುವಾಗ ಸ್ನೇಹಿತರು ಮೊಮ್ಮಕ್ಕಳ ಮಾತು ಎತ್ತುತ್ತಾರೆ ಎಂದು ದಾರಿಯನ್ನೇ ಬದಲಾಯಿಸಿದ್ದರು. ಇದು ನನಗೆ ಗೊತ್ತಿತ್ತು. ಆದರೂ ಅವರು ಮಾಡಿದ್ದನ್ನು ಕೇಳಿ.

ಚಾಮರಾಜನಗರದಲ್ಲಿ ನನ್ನ ತಂಗಿಯ ಮಗನ ನಿಶ್ಚಿತಾರ್ಥ ಬಂತು. ನಾನು ಹೋಗಲೇಬೇಕಿತ್ತು. “ನಿಚ್ಚುಗೆ ಪುಸ್ತಕ ಓದಿ, ಇದ್ದದ್ದನ್ನ ಇದ್ದ ಹಾಗೆ ಓದಿ,” ಎಂದು ಹೇಳಿ ಬಸ್ಸು ಹತ್ತಿದೆ. ಮೂರು ದಿನ ಬಿಟ್ಟು ಬಂದು ನೋಡಿದರೆ, ನಿಚ್ಚು ಮೂಲೆಯಲ್ಲಿ ಡಬ್ಬಿಗಳ ಜೊತೆ ಆಡುತ್ತಿದ್ದಾಳೆ, ನನ್ನ ಗಂಡ ಹಬ್ಬದ ಕಳೆಯಲ್ಲಿದ್ದಾರೆ.

“ನಿನ್ನ ಪುಸ್ತಕವನ್ನು ಸ್ವಲ್ಪ ಪರಿಷ್ಕರಿಸಿದ್ದೇನೆ,” ಎಂದು ತಂದುಕೊಟ್ಟರು.

ಪ್ರತಿ ಪುಟದಲ್ಲೂ ನನ್ನ ಸಾಲಿನ ಮೇಲೆ ಬಿಳಿ ಕಾಗದದ ಚೀಟಿ. ಅಂಚು ನೀಟಾಗಿ ಕತ್ತರಿಸಿ, ಫೆವಿಕಾಲ್ ಹಚ್ಚಿ, ಮುತ್ತಿನಂಥ ಅಕ್ಷರದಲ್ಲಿ ಬರೆದಿದ್ದಾರೆ. “ಕೂರ್ಮವು ಸೋಪಾನಗಳನ್ನೇರಿ ವಿಶ್ರಮಿಸಿತು.” “ಮೊಲವು ಪಾವಟಿಗೆಗಳನ್ನು ನೆಗೆನೆಗೆದು ದಾಟಿ ದಣಿವಾರಿಸಿಕೊಂಡಿತು.” “ಕಪಿಯು ಲಂಘಿಸಿ ನಿಟ್ಟುಸಿರಿಟ್ಟಿತು.” “ಗಜರಾಜನು ಮಂದಗತಿಯಿಂದ ಶಿಖರವನ್ನು ತಲುಪಿ ಆಸೀನನಾದನು.” ಕತ್ತೆಯನ್ನೂ ಬಿಟ್ಟಿರಲಿಲ್ಲ, ಅದು ‘ಬಸವಳಿದು ನಿಂತಿತು’. ಉಸ್ಸಪ್ಪಾ ಎನ್ನುವುದು ಹೇಳಹೆಸರಿಲ್ಲದಂತೆ ಹೋಗಿತ್ತು.

“ಒಂದು ಪದವೂ ಎರಡು ಸಲ ಬಂದಿಲ್ಲ, ನೋಡು. ಮೂರು ದಿನವೂ ಅವಳಿಗೆ ಇದನ್ನೇ ಓದಿದೆ,” ಎಂದರು.

ನೋಡಿದೆ. ಆಮೇಲೆ ನಿಚ್ಚುವನ್ನು ಕರೆದು ಪುಸ್ತಕ ತೋರಿಸಿದೆ. ಅವಳು ಬಂದಳು, ಮುಚ್ಚಿದ ಪುಸ್ತಕವನ್ನು ನನ್ನ ಕೈಯಿಂದ ತೆಗೆದುಕೊಂಡಳು, ದಿವಾನದ ಕೆಳಗೆ ತಳ್ಳಿ ಮತ್ತೆ ಡಬ್ಬಿಗಳ ಹತ್ತಿರ ಹೋದಳು. ನಾನು ಬಾಯಲ್ಲೇ, “ಮೆಟ್ಟಿಲು ಹತ್ತಿತು, ಮೆಟ್ಟಿಲು ಹತ್ತಿತು,” ಎಂದು ಹೇಳಿ ಕಾದೆ. ಉಸಿರು ಬರಲಿಲ್ಲ. ಭುಜ ಅಲ್ಲಾಡಲಿಲ್ಲ. ನನ್ನ ಕಡೆ ತಿರುಗಿಯೂ ನೋಡಲಿಲ್ಲ.

ನಾನು ಅವತ್ತು ಆಡಿದ ಮಾತುಗಳಲ್ಲಿ ಪುನರುಕ್ತಿ ಬೇಕಾದಷ್ಟಿತ್ತು. ಕೆಳಗೆ ಟ್ಯುಟೋರಿಯಲ್ ಹುಡುಗರು ಸೂತ್ರ ಉರುಹೊಡೆಯುವುದನ್ನು ನಿಲ್ಲಿಸಿ ಕಿವಿಗೊಟ್ಟರು ಎಂದು ಆಮೇಲೆ ಗೊತ್ತಾಯಿತು. ನನ್ನ ಗಂಡನೂ ಬಿಟ್ಟುಕೊಡಲಿಲ್ಲ. “ಹೆಚ್ಚು ಪದ ಕಿವಿಗೆ ಬಿದ್ದರೆ ಹೆಚ್ಚು ಪದ ಬಾಯಿಗೆ ಬರುತ್ತದೆ. ಇಷ್ಟು ಸರಳ ಲೆಕ್ಕ ನಿನಗೆ ತಿಳಿಯುವುದಿಲ್ಲವೇ? ನನ್ನ ತಂದೆ ನನಗೆ ಆನೆಗೆ ಹನ್ನೆರಡು ಹೆಸರು ಹೇಳಿಕೊಟ್ಟಿದ್ದರು.”

“ಆಗ ನಿಮಗೆ ಆನೆ ಅನ್ನೋಕೆ ಬರ್ತಿತ್ತು ಕಣ್ರೀ. ಇವಳಿಗೆ ಅದೂ ಬರಲ್ಲ.”

ಸಂಜೆ ಸುಷ್ಮಾ ಬಂದವಳು, ನಮ್ಮಿಬ್ಬರ ಮುಖ ನೋಡಿ, ವಿಷಯ ಕೇಳಿ, ಸುಸ್ತಾದವಳ ಹಾಗೆ ಕೂತಳು. “ಉಸ್ಸ್ ಅಂತಿದ್ಳು. ಅಷ್ಟಾದ್ರೂ ಇತ್ತು,” ಎಂದಳು. ಆಮೇಲೆ, “ಸಾಕು ಬುಡಮ್ಮಾ. ನಿಮ್ಮಿಬ್ಬರ ಪ್ರಯೋಗ ಸಾಕು. ಹಬ್ಬಕ್ಕೆ ಇನ್ನೇನು ಜಾಸ್ತಿ ದಿನ ಇಲ್ಲ, ನಾನೇ ಮನೇಲಿರ್ತೀನಿ,” ಎಂದು ಮಗುವನ್ನು ಎತ್ತಿಕೊಂಡು ಇಳಿದು ಹೋದಳು. ಅವಳು ಅತ್ತಿದ್ದರೆ ನನಗೆ ಸಮಾಧಾನವಾಗುತ್ತಿತ್ತು.

ನಾನು ಚೀಟಿಗಳನ್ನು ಕೀಳಲು ನೋಡಿದೆ. ಆಮೆಯ ಕಾಲು ಕಿತ್ತು ಬಂತು. ಮೊಲದ ಅರ್ಧ ಹೊಟ್ಟೆ ಹೋಯಿತು. ಪುಸ್ತಕ ಹಾಳಾಯಿತು. ನನ್ನ ಗಂಡ ಹಿಂದೆ ನಿಂತು ನೋಡುತ್ತಿದ್ದರು. ಅವರ ಮುಖದಲ್ಲಿ ಹಬ್ಬದ ಕಳೆ ಇರಲಿಲ್ಲ.

ಮಾರನೆಯ ಬೆಳಗ್ಗೆ ಅವರು ಸ್ನಾನ ಮಾಡಿ, ವಿಭೂತಿ ಹಚ್ಚಿ, ಅಂಗೈಯಲ್ಲಿ ಲಿಂಗ ಇಟ್ಟುಕೊಂಡು ಪೂಜೆಗೆ ಕೂತರು. ಎಂದಿನಂತೆ ವಚನ ಹೇಳಿದರು, ಒಂದು, ಇನ್ನೊಂದು, ಮತ್ತೊಂದು. ಮುಗಿಯುವವರೆಗೆ ಬಾಗಿಲಲ್ಲಿ ಕಾದು ನಿಂತಿದ್ದು ಕೇಳಿದೆ.

“ನೀವು ಹೇಳಿದ ವಚನಗಳೆಲ್ಲ ಒಂದೇ ಹೆಸರಲ್ಲಿ ಮುಗಿದ್ವಲ್ಲ. ಯಾವತ್ತಾದ್ರೂ ಅಂಕಿತಕ್ಕೆ ಕೆಂಪು ಮಸಿ ಹಾಕಿದ್ದೀರಾ?”

“ಅದು ಬೇರೆ,” ಎಂದರು.

“ಏನು ಬೇರೆ? ಆ ಹೆಸರು ಬಂದ್ರೆ ವಚನ ನಿಲ್ತು ಅಂತ ನಿಮಗೆ ಗೊತ್ತಾಗುತ್ತೆ. ಸಭೇಲಿ ಯಾರಾದ್ರೂ ವಚನ ಹೇಳ್ತಿದ್ರೆ, ಕೊನೇಲಿ ಆ ಹೆಸರನ್ನ ಎಲ್ಲರೂ ಸೇರಿ ಹೇಳ್ತಾರೆ, ವಚನ ಬಾಯಿಗೆ ಬರದೋರೂ ಹೇಳ್ತಾರೆ. ಯಾಕೆ? ಬರೋ ಮಾತು ಯಾವುದು ಅಂತ ಮೊದಲೇ ಗೊತ್ತಿರುತ್ತೆ, ಧೈರ್ಯ ಇರುತ್ತೆ. ನನ್ನ ಉಸ್ಸಪ್ಪಾನೂ ಅಂಥದ್ದೇ. ಆ ಮಗು ಬಾಯಿ ಬಿಡೋಕೆ ಅಂತ ನಾನೊಂದು ಜಾಗ ಮಾಡಿಟ್ಟಿದ್ದೆ. ನೀವು ಹೋಗಿ ಅದರ ಮೇಲೆ ಚೀಟಿ ಅಂಟಿಸಿದ್ರಿ.”

ನನ್ನ ಗಂಡ ವಾದದಲ್ಲಿ ಸೋತವರಲ್ಲ, ಆ ದಿನವೂ ಸೋತೆ ಎನ್ನಲಿಲ್ಲ. ಲಿಂಗವಸ್ತ್ರ ಕಟ್ಟಿಕೊಂಡು ಎದ್ದು ಬಂದು, “ಹೊಸದೊಂದು ಮಾಡೋಣ,” ಎಂದರು. ನಲವತ್ತು ವರ್ಷದ ಸಂಸಾರದಲ್ಲಿ ಅದಕ್ಕಿಂತ ದೊಡ್ಡ ಕ್ಷಮಾಪಣೆ ನನಗೆ ಸಿಕ್ಕಿಲ್ಲ.

ನಾನು ಶರತ್ತು ಹಾಕಿದೆ. ಚಿತ್ರ ನನ್ನದು, ಅಕ್ಷರ ಅವರದು, ಓದುವುದೂ ಅವರೇ. ಕೆಡಿಸಿದವರು ಅವರು, ಮಗು ಬೆನ್ನು ತಿರುಗಿಸಿದ್ದು ಅವರ ದನಿಗೆ, ಅದನ್ನು ಅವರೇ ಸರಿಮಾಡಬೇಕಲ್ಲ. ಊಟದ ಮೇಜಿನ ಮೇಲೆ ಪೇಪರು ಹಾಸಿ ಕೂತೆವು. ಆಮೆಯ ಪುಟ ಸಲೀಸಾಗಿ ಬರೆದರು. ಮೊಲಕ್ಕೆ ಬಂದಾಗ ಪೆನ್ನು ನಿಂತಿತು. ಕತ್ತೆಗೆ ಬಂದಾಗ ನೀರು ಕುಡಿದು ಬಂದರು. ಮಂಗನ ಪುಟದಲ್ಲಿ ಕನ್ನಡಕ ತೆಗೆದು ಕೆಳಗಿಟ್ಟರು.

“ಆಮೆ ಹತ್ತುವುದೂ ಮಂಗ ಹತ್ತುವುದೂ ಒಂದೇ ಏನೇ? ಮಂಗ ನೆಗೆಯುತ್ತದೆ.”

“ಚಿತ್ರದಲ್ಲಿ ನೆಗೆದಿದೆ ನೋಡಿ. ಆಮೆಯ ಚಿತ್ರದಲ್ಲಿ ತೆವಳಿದೆ. ಅಷ್ಟೂ ವ್ಯತ್ಯಾಸವನ್ನ ಅವಳ ಕಣ್ಣಿಗೆ ಕೊಟ್ಟಿದ್ದೀನಿ. ಕಿವಿಗೆ ಒಂದೇ ಕೊಡಿ. ಎರಡೂ ಬದಲಾದ್ರೆ ಪಾಪ, ಅವಳು ಯಾವುದನ್ನ ಹಿಡ್ಕೊಂಡು ನಿಲ್ತಾಳೆ?”

ಅವರು ನನ್ನ ಮುಖ ನೋಡಿದರು, ಚಿತ್ರ ನೋಡಿದರು. ಕನ್ನಡಕ ಹಾಕಿಕೊಂಡು ‘ಮೆಟ್ಟಿಲು ಹತ್ತಿತು, ಮೆಟ್ಟಿಲು ಹತ್ತಿತು’ ಎಂದು ಬರೆದರು. ಆನೆಯ ಪುಟಕ್ಕೆ ಬರುವಷ್ಟರಲ್ಲಿ ಬರೆಯುತ್ತಾ ಬರೆಯುತ್ತಾ ಗುನುಗತೊಡಗಿದ್ದರು. ಅದು ಅವರಿಗೆ ಗೊತ್ತಿರಲಿಲ್ಲ, ನಾನೂ ಹೇಳಲಿಲ್ಲ.

ಸುಷ್ಮಾಳನ್ನು ಕಾಡಿ ಬೇಡಿ ಹಬ್ಬದವರೆಗೆ ಮಗುವನ್ನು ಕಳಿಸಲು ಒಪ್ಪಿಸಿದೆ. ಮೊದಲ ದಿನ ತಾತ ಪುಸ್ತಕ ತೆಗೆದ ಕೂಡಲೇ ನಿಚ್ಚು ಬೆನ್ನು ತಿರುಗಿಸಿ ಕೂತಳು. ಅವರು ಆ ಬೆನ್ನಿಗೇ ಓದಿದರು. ಮಾರನೆಯ ದಿನವೂ ಬೆನ್ನಿಗೇ ಓದಿದರು. ಕಾಲೇಜಿನ ಹಿಂದಿನ ಬೆಂಚಿನವರೂ ಅವರಿಗೆ ಇಷ್ಟು ಅವಮಾನ ಮಾಡಿರಲಿಕ್ಕಿಲ್ಲ. ಆದರೂ ಬಿಡಲಿಲ್ಲ. ಒಂದು ಬೆಳಗ್ಗೆ ನಾನು ಹುರುಳಿಕಾಯಿ ಬಿಡಿಸುತ್ತಿದ್ದಾಗ ನೋಡಿದೆ, ನಿಚ್ಚು ಕತ್ತು ಮಾತ್ರ ತಿರುಗಿಸಿ ಕತ್ತೆಯನ್ನು ನೋಡುತ್ತಿದ್ದಳು. ಅದೇ ಮಾತು ಬರುತ್ತದೆಯೋ ಇಲ್ಲವೋ ಎಂದು ಪರೀಕ್ಷೆ ಮಾಡುತ್ತಿದ್ದಳು. ಅದೇ ಮಾತು ಬಂತು. ಮುಂದಿನ ಪುಟಕ್ಕೆ ಹತ್ತಿರ ಸರಿದಳು. ಅಲ್ಲೂ ಅದೇ ಮಾತು ಬಂತು. ಆನೆಯ ಹೊತ್ತಿಗೆ ತಾತನ ತೊಡೆಗೆ ಒರಗಿದ್ದಳು.

ಆಮೇಲೆ ಗಾಳಿ ಮರಳಿ ಬಂತು. ಗಾಳಿ ‘ಉಸ್ಸಾ’ ಆಯಿತು, ‘ಉಸ್ಸಾ’ ‘ಉಸ್ಸಪ್ಪಾ’ ಆಯಿತು. ಅದನ್ನು ಮೊದಲ ಸಲ ಕೇಳಿದ ದಿನ ನನ್ನ ಗಂಡ ಎದ್ದು ಅಡುಗೆಮನೆಗೆ ಬಂದು, ಸಕ್ಕರೆ ಡಬ್ಬಿಯನ್ನು ಎತ್ತಿ ಪಕ್ಕಕ್ಕಿಟ್ಟು ಹೋದರು. ಕೆಲವು ದಿನಗಳಲ್ಲಿ ‘ಹತ್ತಿತು’ ಎನ್ನುವುದೂ ಬಂತು. ತಾತ ‘ಮೆಟ್ಟಿಲು’ ಎಂದು ನಿಲ್ಲಿಸಿದರೆ ಇವಳು ‘ಹತ್ತಿತು’ ಎಂದು ಮುಗಿಸುವುದು, ಇವಳು ತಪ್ಪಿದರೆ ತಾತ ತಿದ್ದದೆ ಮತ್ತೆ ಮೊದಲಿಂದ ಓದುವುದು. ಸಂತೋಷದಿಂದ ನಾನು ಆ ವಾರ ಎರಡು ಸಲ ಪಾಯಸ ಮಾಡಿದೆ.

ಸುಷ್ಮಾಗೆ ತೋರಿಸಿದೆವು. ಅವಳು ನಕ್ಕಳು, ಮಗುವಿಗೆ ಮುತ್ತು ಕೊಟ್ಟಳು. ಹೊರಡುವಾಗ ನನ್ನೊಬ್ಬಳಿಗೇ ಹೇಳಿದಳು, “ಅದು ಪುಸ್ತಕದ ಮಾತು ಅಮ್ಮಾ. ಪುಟ ತೆಗೆದ್ರೆ ಬರುತ್ತೆ, ಮುಚ್ಚಿದ್ರೆ ನಿಲ್ಲುತ್ತೆ. ನನ್ನ ಕಡೆ ನೋಡಿ ಏನೂ ಅನ್ನಲ್ಲ. ನಾನು ಸೋಮವಾರ ಮ್ಯಾನೇಜರ್ ಹತ್ರ ಮಾತಾಡ್ತೀನಿ.”

“ಪುಸ್ತಕದಿಂದ ಆಚೆಗೂ ಬರುತ್ತೆ. ಬಂದೇ ಬರುತ್ತೆ,” ಎಂದೆ. ನನಗೆ ಅದರಲ್ಲಿ ಅನುಮಾನವೇ ಇರಲಿಲ್ಲ. ಸೋಮವಾರದೊಳಗೆ ಬರುತ್ತದೆಯೇ ಎನ್ನುವುದು ಮಾತ್ರ ನನ್ನ ಕೈಯಲ್ಲಿರಲಿಲ್ಲ, ಅದಕ್ಕೆ ಹೆದರಿದ್ದೆ.

ಶನಿವಾರ. ಬ್ಯಾಂಕಿನಲ್ಲಿ ಮಾರ್ಚ್ ಕೊನೆಯ ಕೆಲಸ, ಸುಷ್ಮಾ ಬರುವುದು ತಡವಾಯಿತು. ದೀಪ ಹಚ್ಚುವ ಹೊತ್ತು. ನಿಚ್ಚು ಮಹಡಿಯ ಮೆಟ್ಟಿಲ ಮೇಲ್ತುದಿಯಲ್ಲಿ, ಕಬ್ಬಿಣದ ಸಣ್ಣ ಗೇಟು ಹಿಡಿದುಕೊಂಡು ನಿಂತಿದ್ದಳು. ನಾನು ಅವಳ ಹಿಂದೆ ಕುರ್ಚಿ ಹಾಕಿಕೊಂಡು ಕನಕಾಂಬರ ಕಟ್ಟುತ್ತಿದ್ದೆ. ನನ್ನ ಗಂಡ ಒಳಗಿದ್ದರು, ಪುಸ್ತಕವೂ ಒಳಗೇ ಇತ್ತು.

ಕೆಳಗೆ ಸ್ಕೂಟರ್ ನಿಂತಿತು. ಸುಷ್ಮಾ ಬ್ಯಾಗನ್ನು ಹೆಗಲಿಗೆ ಹಾಕಿಕೊಂಡು, ಕಂಬಿ ಹಿಡಿದು ಹತ್ತತೊಡಗಿದಳು. ತಿರುವಿನಲ್ಲಿ ನಿಂತು ಉಸಿರು ತೆಗೆದುಕೊಂಡಳು. ಮತ್ತೆ ಹತ್ತಿದಳು. ಮೇಲೆ ಬಂದವಳಿಗೆ ಗೇಟು ತೆಗೆಯುವಷ್ಟೂ ತ್ರಾಣವಿರಲಿಲ್ಲವೇನೋ, ಬ್ಯಾಗು ಕೆಳಗಿಟ್ಟು, ನಮಗೆ ಬೆನ್ನು ಮಾಡಿ ಮೇಲಿನ ಮೆಟ್ಟಿಲ ಮೇಲೆ ಕೂತುಬಿಟ್ಟಳು. ಅವತ್ತು ಅವಳು ಮಗುವನ್ನು ಏನೂ ಕೇಳಲಿಲ್ಲ.

ನಿಚ್ಚು ಗೇಟಿನ ಸರಳುಗಳ ನಡುವಿನಿಂದ ತಾಯಿಯನ್ನು ನೋಡಿದಳು. ಉಸಿರು ಹಿಡಿದಳು. ನನ್ನ ಕೈಯಲ್ಲಿದ್ದ ಹೂವು ಅಲ್ಲೇ ನಿಂತಿತು.

“ಅಮ್ಮ ಹತ್ತಿತು,” ಎಂದಳು. “ಹತ್ತಿತು. ಉಸ್ಸಪ್ಪಾ ಅಂತ ಕೂತಿತು.”

ಇದು ಯಾವ ಪುಟದಲ್ಲೂ ಇಲ್ಲದ ಸಾಲು. ನಾನು ಬರೆದದ್ದಲ್ಲ, ಅವರು ಬರೆದದ್ದಲ್ಲ. ಆಮೆ, ಮೊಲ, ಕತ್ತೆಗಳೆಲ್ಲ ಹತ್ತಿ ಹತ್ತಿ ಸವೆಸಿದ ದಾರಿಯಲ್ಲಿ ಅವಳು ತನ್ನ ತಾಯಿಯನ್ನು ನಡೆಸಿಕೊಂಡು ಬಂದಿದ್ದಳು. ಒಳಗಿನಿಂದ ನನ್ನ ಗಂಡ ಬಾಗಿಲಿಗೆ ಬಂದು ನಿಂತದ್ದು ಕಣ್ಣಂಚಿಗೆ ಕಂಡಿತು.

ಸುಷ್ಮಾ ತಿರುಗಿದಾಗ ಮುಖವೆಲ್ಲ ಒದ್ದೆಯಾಗಿತ್ತು. “ಇನ್ನೊಂದ್ಸಲ ಹೇಳು ಕಂದಾ,” ಎಂದಳು.

ನಿಚ್ಚು ಹೇಳಲಿಲ್ಲ. ತಾಯಿಯನ್ನು ನೋಡಿದಳು, ಆಮೇಲೆ ಖಾಲಿ ಮೆಟ್ಟಿಲುಗಳನ್ನು ನೋಡಿದಳು. ಅಮ್ಮ ಆಗಲೇ ಕೂತಾಗಿದೆ, ಕೂತವರನ್ನು ಹತ್ತಿತು ಎನ್ನುವುದು ಹೇಗೆ? ನಾನು ಅದನ್ನು ಹೇಳಬೇಕು ಎನ್ನುವಷ್ಟರಲ್ಲಿ ಸುಷ್ಮಾಗೆ ತಾನಾಗಿಯೇ ತಿಳಿಯಿತು. ಅವಳು ಎದ್ದಳು. ಬ್ಯಾಗನ್ನು ಅಲ್ಲೇ ಬಿಟ್ಟು, ಸೆರಗಿನಿಂದ ಮುಖ ಒರೆಸಿಕೊಂಡು, ಕೆಳಗಿನವರೆಗೂ ಇಳಿದು ಹೋಗಿ, ಮೊದಲ ಮೆಟ್ಟಿಲಿನಿಂದ ಮತ್ತೆ ಹತ್ತತೊಡಗಿದಳು.